ಏಷ್ಯಾದ ಕಲೆ ನೋಡಲು ಎಲ್ಲಿಂದ ಶುರು ಮಾಡಲಿ? ನನಗೆ ನೆನಪಿರುವುದು ನೀಲಿ ಬಣ್ಣ ಒಂದೇ

ಖಾಲಿಹಾಳೆ ಕೇಳಿದ್ದು:

ಎಲ್ಲರಿಗೂ ನಮಸ್ಕಾರ. ಹೋದ ತಿಂಗಳು ಒಂದು ದೊಡ್ಡ ಮ್ಯೂಸಿಯಂನ ಏಷ್ಯಾ ವಿಭಾಗ ನೋಡಿಕೊಂಡು ಬಂದೆ. ಮೂರು ಗಂಟೆ ಒಳಗಿದ್ದೆ. ಚೀನಾದ ಹೂದಾನಿ, ತುರ್ಕಿಯ ತಟ್ಟೆ, ಜಪಾನಿನ ಅಚ್ಚುಚಿತ್ರ, ಬಾಲಿಯ ಬಟ್ಟೆ, ಕೊರಿಯಾದ ಜಾಡಿ, ಒಂದನ್ನೂ ಬಿಡಲಿಲ್ಲ. ಪ್ರತಿಯೊಂದರ ಪಕ್ಕದ ಚೀಟಿ ಓದಿ ಯುವಾನ್, ಮಿಂಗ್, ಜೋಸನ್, ಎಡೋ ಅಂತ ಕಾಲಗಳ ಹೆಸರನ್ನೆಲ್ಲ ಬರೆದುಕೊಂಡೆ. ಈಗ ಆ ಪುಟ ತೆಗೆದು ನೋಡಿದರೆ ಬರೀ ಹೆಸರುಗಳು, ಯಾವುದು ಯಾವ ವಸ್ತುವಿನದು ಅನ್ನುವುದೇ ಗೊತ್ತಾಗುತ್ತಿಲ್ಲ.

ಗಟ್ಟಿಯಾಗಿ ನೆನಪಿರುವುದು ನೀಲಿ. ಚೀನಾದ ಹೂದಾನಿಯಲ್ಲಿ ನೀಲಿ, ತುರ್ಕಿಯ ತಟ್ಟೆಯಲ್ಲಿ ನೀಲಿ, ಜಪಾನಿನ ಅಲೆಯ ಚಿತ್ರದಲ್ಲೂ ನೀಲಿ. ಇದಕ್ಕೇನಾದರೂ ಅರ್ಥ ಇದೆಯಾ, ಅಥವಾ ಸುಮ್ನೆ ನನ್ನ ಕಣ್ಣಿಗೆ ಹಾಗೆ ಕಂಡಿದ್ದಾ? ಮೊದಲು ಇತಿಹಾಸ ಓದಿಕೊಂಡೇ ಹೋಗಬೇಕಿತ್ತಾ? ಮತ್ತೆ ಹೋಗುವ ಆಸೆ ಇದೆ, ತಿಳಿದವರು ದಾರಿ ತೋರಿಸಿ.

ಆವಿಗೆ ಬರೆದದ್ದು:

ನಿಮ್ಮ ಕಣ್ಣು ಸರಿಯಾದದ್ದನ್ನೇ ಹಿಡಿದಿದೆ, ಆ ನೀಲಿಯನ್ನು ಬಿಡಬೇಡಿ. ರಾಜಮನೆತನಗಳ ಪಟ್ಟಿ ಬಾಯಿಪಾಠ ಮಾಡಿಕೊಂಡು ಹೋದರೆ ಪರೀಕ್ಷೆ ಬರೆಯಬಹುದು ಅಷ್ಟೇ. ಒಂದು ವಸ್ತುವಿನ ಬೆನ್ನು ಹತ್ತಿದರೆ ಇತಿಹಾಸ ತಾನಾಗಿ ಹಿಂದೆ ಬರುತ್ತದೆ.

ಚೀನಾದ ಪಿಂಗಾಣಿಯ ನೀಲಿ ಅಂದರೆ ಕೋಬಾಲ್ಟ್ ಅನ್ನುವ ಲೋಹದಿಂದ ಬರುವ ಬಣ್ಣ. ಪಿಂಗಾಣಿ ಮಾಡುತ್ತಿದ್ದ ದೊಡ್ಡ ಊರು ಜಿಯಾಂಗ್ಶಿ ಪ್ರಾಂತ್ಯದ ಜಿಂಗ್‌ದೆಝೆನ್. ಅಲ್ಲಿ ಬಿಳಿ ಮಣ್ಣು ಇತ್ತು. ಅದರ ಇನ್ನೊಂದು ಹೆಸರು ಕೇಯೊಲಿನ್ ಬಂದದ್ದೇ ಅಲ್ಲಿಗೆ ಹತ್ತಿರದ ಗಾವೊಲಿಂಗ್ ಗುಡ್ಡದಿಂದ. ಆದರೆ 14ನೇ ಶತಮಾನದಲ್ಲಿ ಒಳ್ಳೆಯ ಕೋಬಾಲ್ಟ್ ಬರುತ್ತಿದ್ದದ್ದು ಪರ್ಷಿಯಾ ಕಡೆಯಿಂದ. ಆ ಶತಮಾನದ ಶುರುವಿನಲ್ಲಿ ಚೀನಾ ಮತ್ತು ಪರ್ಷಿಯಾ ಎರಡೂ ಮಂಗೋಲರ ಕೈಯಲ್ಲಿದ್ದವು, ಸರಕು ಓಡಾಡುವುದು ಸುಲಭ ಆಗಿತ್ತು. ಅಂದರೆ ನೀವು ನೋಡಿದ ಹೂದಾನಿ ಆ ಕಾಲದ್ದಾದರೆ ಅದು ಪೂರ್ತಿ ಚೀನಾದ್ದಲ್ಲ, ಅದರ ಬಣ್ಣ ಬೇರೆ ದೇಶದ್ದು. ಕೊಳ್ಳುವವರೂ ಹೊರಗೆ ಇದ್ದರು. ಪಶ್ಚಿಮ ಏಷ್ಯಾದಲ್ಲಿ ಒಂದೇ ತಟ್ಟೆಯ ಸುತ್ತ ಕೂತು ಊಟ ಮಾಡುವ ರೂಢಿ, ಅವರಿಗಾಗಿ ದೊಡ್ಡ ದೊಡ್ಡ ಹರಿವಾಣಗಳನ್ನು ಮಾಡಿದರು. ಇಸ್ತಾಂಬುಲ್‌ನ ತೋಪ್‌ಕಾಪಿ ಅರಮನೆಯಲ್ಲಿ ಇವತ್ತಿಗೂ 10,000ಕ್ಕಿಂತ ಜಾಸ್ತಿ ಚೀನೀ ಪಿಂಗಾಣಿ ಇದೆ.

ಒಂದು ಜೋಡಿಯನ್ನು ಮಾತ್ರ ಹುಡುಕಿ ನೋಡಿ. ಲಂಡನ್ನಿನ ಬ್ರಿಟಿಷ್ ಮ್ಯೂಸಿಯಂನಲ್ಲಿರುವ ಡೇವಿಡ್ ಹೂದಾನಿಗಳು. ಅವುಗಳ ಕತ್ತಿನ ಮೇಲೆ ನೀಲಿ ಅಕ್ಷರದಲ್ಲಿ ಒಂದು ಹರಕೆ ಬರೆದಿದೆ. ಜಾಂಗ್ ವೆಂಜಿನ್ ಅನ್ನುವವನು ತನ್ನ ಮನೆಯವರನ್ನೆಲ್ಲ ಕಾಪಾಡಲಿ, ಮಕ್ಕಳು ನೆಮ್ಮದಿಯಾಗಿರಲಿ ಅಂತ ಗುಡಿಗೆ ಎರಡು ಹೂದಾನಿ ಮತ್ತು ಒಂದು ಧೂಪದ ಪಾತ್ರೆ ಒಪ್ಪಿಸಿದ್ದು, ತಾರೀಕೂ ಇದೆ, ನಮ್ಮ ಲೆಕ್ಕದಲ್ಲಿ 1351. ಧೂಪದ ಪಾತ್ರೆ ಈಗ ಇಲ್ಲ, ಹೂದಾನಿಗಳು ಉಳಿದಿವೆ. ತಾರೀಕು ಇರುವುದರಿಂದ ಆ ಕಾಲದ ಉಳಿದ ನೀಲಿ ಪಿಂಗಾಣಿಗಳ ವಯಸ್ಸನ್ನು ಇವಕ್ಕೆ ಹೋಲಿಸಿ ಗುರುತಿಸುತ್ತಾರೆ. ನನಗೆ ಮಾತ್ರ ಆ ಅಪ್ಪನ ಹರಕೆಯೇ ಮೊದಲು ನೆನಪಾಗುತ್ತದೆ.

ಇನ್ನೊಂದು. 15ನೇ ಶತಮಾನದ ಶುರುವಿನ ಚೀನಾದ ಪಾತ್ರೆ ಸಿಕ್ಕರೆ ಮೂಗು ಗಾಜಿಗೆ ತಾಗುವಷ್ಟು ಹತ್ತಿರ ಹೋಗಿ. ನೀಲಿ ಗೆರೆಯ ನಡುವೆ ಅಲ್ಲಲ್ಲಿ ಕಪ್ಪಗೆ ಚುಕ್ಕೆ ಕಟ್ಟಿರುತ್ತದೆ. ಹೊರಗಿನಿಂದ ತಂದ ಕೋಬಾಲ್ಟ್‌ನಲ್ಲಿ ಕಬ್ಬಿಣ ಜಾಸ್ತಿ, ಬಣ್ಣ ದಪ್ಪ ಬಿದ್ದ ಕಡೆ ಬೆಂಕಿಯಲ್ಲಿ ಹಾಗಾಗುತ್ತದೆ. 300 ವರ್ಷ ಆದ ಮೇಲೆ ಚಿಂಗ್ ರಾಜಮನೆತನದ ಕಾಲದ ಕೆಲಸಗಾರರು ಆ ಹಳೆಯ ಪಾತ್ರೆಗಳ ಮೇಲಿನ ಪ್ರೀತಿಗೆ ಅದೇ ಚುಕ್ಕೆಗಳನ್ನು ಕುಂಚದಲ್ಲಿ ಬೇಕೆಂದೇ ಇಟ್ಟರು. ತಾನಾಗಿ ಮೂಡಿದ ಚುಕ್ಕೆ ಯಾವುದು, ಇಟ್ಟ ಚುಕ್ಕೆ ಯಾವುದು ಅಂತ ಹುಡುಕುತ್ತಾ ನಿಂತರೆ ಹೊತ್ತು ಹೋದದ್ದೇ ತಿಳಿಯುವುದಿಲ್ಲ.

ತುರ್ಕಿಯ ಇಜ್ನಿಕ್ ಊರಿನ ತಟ್ಟೆಯ ಅಂಚನ್ನೂ ನೋಡಿ. ಚೀನಾದವರು ಅಂಚಿನಲ್ಲಿ ಸಮುದ್ರದ ಅಲೆ ಬರೆಯುತ್ತಿದ್ದರು. ಇಜ್ನಿಕ್‌ನವರು ಅದನ್ನು ನೋಡಿ ಬರೆದರು, ಬರೆಯುತ್ತಾ ಬರೆಯುತ್ತಾ ಅಲೆ ಹೋಗಿ ಶಂಖದ ಸುರುಳಿ ಥರ ಆಯಿತು. ಅವರ ಹತ್ತಿರ ಪಿಂಗಾಣಿ ಮಣ್ಣೂ ಇರಲಿಲ್ಲ, ಬೆಣಚುಕಲ್ಲಿನ ಪುಡಿಯಲ್ಲಿ ತಟ್ಟೆ ಕಟ್ಟಿ ಆ ಬಿಳುಪು ತಂದರು.

ತಿಗರಿ ಬರೆದದ್ದು:

ಆವಿಗೆಯವರ ಮಾತು ಒಪ್ಪುತ್ತೇನೆ, ಆದರೆ ವ್ಯಾಪಾರದ ಕಥೆ ಒಂದನ್ನೇ ಹೇಳಿದರೆ ಎಲ್ಲರೂ ಖುಷಿಯಾಗಿ ಕೊಟ್ಟು ತೆಗೆದುಕೊಂಡರು ಅನ್ನಿಸಿಬಿಡುತ್ತದೆ. ಜಪಾನಿನ ಪಿಂಗಾಣಿ ಶುರುವಾದದ್ದು ಹೇಗೆ? 1592ರಿಂದ 1598ರವರೆಗೆ ಜಪಾನನ್ನು ಆಳುತ್ತಿದ್ದ ಹಿದೆಯೋಶಿಯ ಸೈನ್ಯ ಕೊರಿಯಾದ ಮೇಲೆ ಬಿತ್ತು. ವಾಪಸ್ ಬರುವಾಗ ಕುಂಬಾರರನ್ನು ಹಿಡಿದು ತಂದರು. ಹಾಗೆ ಬಂದ ಯಿ ಸಾಮ್‌ಪ್ಯಾಂಗ್ ಅನ್ನುವವರು ಜಪಾನಿನ ಅರಿತಾ ಅನ್ನುವ ಊರಿನ ಹತ್ತಿರ ಪಿಂಗಾಣಿಗೆ ಬೇಕಾದ ಕಲ್ಲು ಕಂಡುಹಿಡಿದರು, 1616ರಲ್ಲಿ ಕೆಲಸ ಶುರುವಾಯಿತು ಅಂತ ಅಲ್ಲಿಯವರು ಹೇಳುತ್ತಾರೆ. ಅರಿತಾದ ಒಂದು ಗುಡಿಯಲ್ಲಿ ಈಗ ಅವರಿಗೂ ಪೂಜೆ ಇದೆ, ಆ ಗುಡಿಯ ಮುಂದಿನ ತೋರಣದ ಕಂಬಗಳೂ ಪಿಂಗಾಣಿಯವೇ. ಗೌರವ ಕೊಟ್ಟರು ನಿಜ, ಆದರೆ ಎಷ್ಟು ಮನೆಗಳು ಒಡೆದು ಆ ಕಸುಬು ಅಲ್ಲಿಗೆ ಬಂತು ಅನ್ನುವುದನ್ನು ಮರೆಯಬಾರದು. ಇಮಾರಿ ಅಂತ ಹೆಸರಿರುವ ತಟ್ಟೆ ನೋಡಿದಾಗೆಲ್ಲ ನನಗೆ ಇದು ಚುಚ್ಚುತ್ತದೆ. ಇಮಾರಿ ಅರಿತಾದ ಸಾಮಾನು ಹಡಗು ಹತ್ತುತ್ತಿದ್ದ ಬಂದರು.

ನೀವು ಕೊರಿಯಾದ ಜಾಡಿ ಅಂದಿದ್ದು ದುಂಡಗೆ, ಬೆಳ್ಳಗೆ, ಒಂದು ಚಿತ್ರವೂ ಇಲ್ಲದ್ದಾ? ಹಾಗಾದರೆ ಅದು ಚಂದ್ರನ ಜಾಡಿ. ನಾನು ಕೆಲವು ವರ್ಷ ಹವ್ಯಾಸಕ್ಕೆ ತಿಗರಿಯ ಮುಂದೆ ಕೂತವನು, ಅದರ ಮುಂದೆ ನಿಂತರೆ ನನಗೆ ಕೈ ಕಟ್ಟಿಹೋದ ಹಾಗಾಗುತ್ತದೆ. ಅಷ್ಟು ದೊಡ್ಡ ಗುಂಡನ್ನು ಪಿಂಗಾಣಿ ಮಣ್ಣಿನಲ್ಲಿ ಒಂದೇ ಸಲಕ್ಕೆ ಎತ್ತಲು ಆಗುವುದಿಲ್ಲ, ಮಣ್ಣು ಕುಸಿಯುತ್ತದೆ. ಅದಕ್ಕೆ ಎರಡು ದೊಡ್ಡ ಬಟ್ಟಲು ಮಾಡಿ ಒಂದರ ಮೇಲೆ ಒಂದು ಬೋರಲು ಹಾಕಿ ಸೇರಿಸುತ್ತಿದ್ದರು. ಸುಡುವಾಗ ಆ ಬೆಸುಗೆ ಸ್ವಲ್ಪ ಜಗ್ಗುತ್ತದೆ. ಹೊಟ್ಟೆಯ ಮಟ್ಟಕ್ಕೆ ಕಣ್ಣು ತಂದು ಪಕ್ಕದಿಂದ ನೋಡಿ, ಗೆರೆ ಕಾಣುತ್ತದೆ. ಸುತ್ತ ನಡೆದರೆ ಒಂದು ಕಡೆ ಓರೆ, ಇನ್ನೊಂದು ಕಡೆ ಸ್ವಲ್ಪ ಉಬ್ಬು. ಕೊರಿಯಾದವರು ಅದನ್ನು ಉಜ್ಜಿ ಸರಿ ಮಾಡಲು ಹೋಗಲಿಲ್ಲ, ಹಾಗೇ ಇಟ್ಟುಕೊಂಡರು.

ಹಾಸುಹೊಕ್ಕು ಬರೆದದ್ದು:

ಎಲ್ಲರೂ ಮಣ್ಣಿನ ಹಿಂದೆಯೇ ಬಿದ್ದಿದ್ದೀರಿ, ಬಾಲಿಯ ಬಟ್ಟೆಯ ಬಗ್ಗೆ ಯಾರೂ ಹೇಳಲಿಲ್ಲ. ನೀವು ನೋಡಿದ್ದು ಕೆಂಪು, ಕಪ್ಪು, ತಿಳಿ ಹಳದಿಯ ಚಿತ್ತಾರ ಆಗಿದ್ದರೆ ಅದು ಗೆರಿಂಗ್‌ಸಿಂಗ್, ತೆಂಗನಾನ್ ಅನ್ನುವ ಹಳ್ಳಿಯಲ್ಲಿ ನೇಯುವುದು. ನೇಯುವ ಮೊದಲೇ ನೂಲಿಗೆ ಚಿತ್ತಾರದ ಬಣ್ಣ ಹಾಕುವುದನ್ನು ಇಕ್ಕತ್ ಅನ್ನುತ್ತಾರೆ. ಸಾಧಾರಣ ಇಕ್ಕತ್‌ನಲ್ಲಿ ಹಾಸು (ಉದ್ದದ ನೂಲು) ಅಥವಾ ಹೊಕ್ಕು (ಅಡ್ಡ ನೂಲು), ಯಾವುದಾದರೂ ಒಂದು ನೂಲನ್ನು ಗಂಟು ಕಟ್ಟಿ ಬಣ್ಣ ಹಾಕುತ್ತಾರೆ. ಇಲ್ಲಿ ಎರಡಕ್ಕೂ ಮೊದಲೇ ಬಣ್ಣ ಹಾಕಿ, ನೇಯುವಾಗ ಎರಡೂ ಸರಿಯಾದ ಜಾಗದಲ್ಲಿ ಸೇರಿ ಚಿತ್ರ ಮೂಡಬೇಕು. ಒಂದು ಕೂದಲೆಳೆ ಸರಿದರೂ ಚಿತ್ರ ಕೆಡುತ್ತದೆ. ನೂಲನ್ನು ಎಣ್ಣೆಯಲ್ಲಿ ನೆನೆಸಿ, ನೀಲಿ ಹಾಕಿ, ಆಮೇಲೆ ಬೇರಿನ ಕೆಂಪು ಮತ್ತೆ ಮತ್ತೆ ಹಾಕಿ, ಒಂದು ಬಟ್ಟೆ ಮುಗಿಯಲು ವರ್ಷಗಳೇ ಬೇಕು.

ಇದೇ ಥರ ಹಾಸು ಹೊಕ್ಕು ಎರಡಕ್ಕೂ ಗಂಟು ಕಟ್ಟುವ ಇನ್ನೊಂದು ಬಟ್ಟೆ ಗುಜರಾತಿನ ಪಾಟಣದ ಪಟೋಲಾ. ಅದು ಶತಮಾನಗಳ ಕಾಲ ಹಡಗಿನಲ್ಲಿ ಇಂಡೋನೇಷ್ಯಾದ ದ್ವೀಪಗಳಿಗೆ ಹೋಗುತ್ತಿತ್ತು. ಅಲ್ಲಿಯವರು ಅದನ್ನು ಉಡುವುದಕ್ಕಿಂತ ಜಾಸ್ತಿ ಪೂಜೆಗೆ, ಕಾಯಿಲೆಗೆ, ಮನೆತನದ ಆಸ್ತಿಯಾಗಿ ಪೆಟ್ಟಿಗೆಯಲ್ಲಿ ಎತ್ತಿಟ್ಟರು. ಗೆರಿಂಗ್‌ಸಿಂಗ್ ಅನ್ನುವ ಹೆಸರನ್ನೂ ಕಾಯಿಲೆ ಇಲ್ಲ ಅಂತ ಬಿಡಿಸಿ ಹೇಳುತ್ತಾರೆ. ಗುಜರಾತಿನ ನೇಕಾರರಿಗೆ ತಮ್ಮ ಬಟ್ಟೆ ಅಲ್ಲಿ ದೇವರ ಸಾಮಾನು ಆಗಿದೆ ಅಂತ ಗೊತ್ತಿತ್ತೋ ಇಲ್ಲವೋ ಅಂತ ನಾನು ಆಗಾಗ ಯೋಚಿಸುತ್ತೇನೆ.

ಖಾಲಿಹಾಳೆ ಬರೆದದ್ದು:

ಎಲ್ಲರಿಗೂ ತುಂಬಾ ಥ್ಯಾಂಕ್ಸ್. ಹೌದು, ಬಿಳಿ ಜಾಡಿಯೇ. ಬೆಸುಗೆ ನಾನು ನೋಡಲೇ ಇಲ್ಲ, ಚೀಟಿ ಓದಿ ಮುಂದೆ ಹೋಗಿಬಿಟ್ಟೆ. ಒಂದು ಅನುಮಾನ. ಜಪಾನಿನ ಅಲೆಯ ಚಿತ್ರದ ನೀಲಿಯೂ ಕೋಬಾಲ್ಟೇನಾ?

ಆವಿಗೆ ಬರೆದದ್ದು:

ಅಲ್ಲ, ಅದು ಬೇರೆ. ಚಿತ್ರಗಾರ ಹೊಕುಸಾಯಿಯ ಅಲೆ 1831ರ ಆಸುಪಾಸಿನದು, ಅದರ ನೀಲಿ ಪ್ರಷ್ಯನ್ ನೀಲಿ, 18ನೇ ಶತಮಾನದ ಶುರುವಿನಲ್ಲಿ ಬರ್ಲಿನ್‌ನಲ್ಲಿ ಹುಟ್ಟಿದ್ದು. ಜಪಾನಿನಲ್ಲಿ ಅದನ್ನು ಬೆರೊ-ಐ ಅನ್ನುತ್ತಿದ್ದರು, ಬೆರೊ ಅಂದರೆ ಬರ್ಲಿನ್. ಅದಕ್ಕೆ ಮೊದಲು ಅಚ್ಚುಚಿತ್ರಗಳಿಗೆ ಹೂವಿನ ನೀಲಿ ಹಾಕುತ್ತಿದ್ದರು, ಬೇಗ ಮಾಸುತ್ತಿತ್ತು. ಆ ಅಲೆ ಫೂಜಿ ಬೆಟ್ಟದ ಚಿತ್ರಗಳ ಒಂದು ಸಾಲಿನದು, ಆ ಸಾಲಿಗೆ 36 ನೋಟಗಳು ಅಂತ ಹೆಸರು, ಒಟ್ಟು ಚಿತ್ರ 46. ಮೊದಲಿನ 36ಕ್ಕೆ ಹೊರಗೆರೆಯೂ ನೀಲಿ, ಆಮೇಲೆ ಸೇರಿಸಿದ 10ಕ್ಕೆ ಕಪ್ಪು. ಸಾಲಿನ ಬೇರೆ ಚಿತ್ರ ಸಿಕ್ಕರೆ ಗೆರೆ ನೋಡಿ ನೀವೇ ಹೇಳಬಹುದು.

ಖಾಲಿಹಾಳೆ ಬರೆದದ್ದು:

ಒಂದೇ ಬಣ್ಣ ಅಂದುಕೊಂಡಿದ್ದೆ, ಎರಡು ದಿಕ್ಕಿನಿಂದ ಬಂದದ್ದು ಅಂತ ಈಗ ಗೊತ್ತಾಯಿತು. ಭಾನುವಾರ ಮತ್ತೆ ಹೋಗುತ್ತಿದ್ದೇನೆ. ಈ ಸಲ ಮೂರೇ ವಸ್ತು: ತುರ್ಕಿಯ ತಟ್ಟೆಯ ಅಂಚು, ಬಿಳಿ ಜಾಡಿಯ ಹೊಟ್ಟೆ, ಬಾಲಿಯ ಬಟ್ಟೆಯಲ್ಲಿ ಎರಡು ನೂಲು ಸೇರುವ ಒಂದು ಮೂಲೆ. ಕಂಡದ್ದನ್ನು ಬಂದು ಇಲ್ಲೇ ಬರೆಯುತ್ತೇನೆ.