ಅಣ್ಣಾ, ಇದನ್ನ ಪೂರ್ತಿ ಕೇಳು

ಅಣ್ಣಾ, ಟೈಪ್ ಮಾಡ್ತಾ ಕೂತ್ರೆ ಬೆಳಗಾಗುತ್ತೆ, ಅದಕ್ಕೇ ವಾಯ್ಸ್ ಹಾಕ್ತಿದ್ದೀನಿ. ಮಧ್ಯದಲ್ಲಿ ನಿಲ್ಲಿಸ್ಬೇಡ. ರಾತ್ರಿ ನಮ್ಮ ಮನೆಯೋರ ಗ್ರೂಪಲ್ಲಿ ಹಾಕಿದ್ದೀಯಲ್ಲ, 'ಕೆಲ್ಸಕ್ಕೂ ಇಲ್ಲ, ಹೊಲಕ್ಕೂ ಇಲ್ಲ, ಇನ್ಮೇಲೆ ಅವನ ಸುದ್ದಿ ನನ್ನ ಹತ್ರ ಎತ್ಬೇಡಿ' ಅಂತ, ಅದನ್ನ ನಿನ್ನ ಮಗ ಪುಟ್ಟನೂ ಓದ್ದ. ಓದಿ ಗ್ರೂಪ್ ಬಿಟ್ಟ. ಅತ್ತಿಗೆ, ನೀವು ಗಾಬರಿಯಾಗ್ಬೇಡಿ, ಕೋಲಾರದಲ್ಲೇ, ನಮ್ಮನೇಲೇ ಇದ್ದಾನೆ.

ಕೆಲ್ಸ ಬಿಟ್ಟ, ಬಿಟ್ಟ ಅಂತೀಯ. ಅವನು ಬಿಡ್ಲಿಲ್ಲ ಕಣಣ್ಣ. ನರಸಾಪುರದ ಫ್ಯಾಕ್ಟರೀಲಿ ಅವನಿದ್ದಿದ್ದು ಕಂಟ್ರಾಕ್ಟರ್ ಕೈಕೆಳಗೆ. ಅವಧಿ ಮುಗೀತು, ಗೇಟ್ ಪಾಸ್ ವಾಪಸ್ ಇಸ್ಕೊಂಡ್ರು, ಮುಗೀತು ಕಥೆ.

ಒಂದು ಮಾತು ಕೇಳ್ತೀನಿ, ಬೈಬೇಡ. ನೀನು ಟೊಮೆಟೊ ಹಾಕ್ತೀಯಲ್ಲ, ಯಾರು ಗ್ಯಾರಂಟಿ ಕೊಟ್ಟಿದ್ದಾರೆ ನಿನಗೆ? 2023ರ ಜುಲೈನಲ್ಲಿ ಇಲ್ಲಿ ಎಪಿಎಂಸೀಲಿ 15 ಕೆಜಿ ಬಾಕ್ಸು 2000 ದಾಟಿದಾಗ ನಿನ್ನ ಗಿಡಕ್ಕೆ ಎಲೆ ಮುದುರು ರೋಗ. ಇನ್ನೊಂದ್ಸಲ ಕಾಯಿ ಸುರೀತು, ಬೆಲೆ ಇಲ್ಲ, ಕೀಳೋ ಕೂಲಿನೂ ಹುಟ್ಟಲ್ಲ ಅಂತ ಹಸುಗಳನ್ನ ತೋಟಕ್ಕೆ ಬಿಟ್ಟೆ. ಆದ್ರೂ ಮತ್ತೆ ಡ್ರಿಪ್ ಎಳ್ದೆ, ಮಲ್ಚಿಂಗ್ ಹಾಸ್ದೆ. ಆಗ ಯಾರಾದ್ರೂ ನಿನ್ನ ದಂಡಪಿಂಡ ಅಂದ್ರಾ? ಅಪ್ಪ ಇದ್ದಾಗ್ಲೂ ಅನ್ಲಿಲ್ಲ. 22 ವರ್ಷದ ಹುಡುಗ ಮಾತ್ರ ಈಗ್ಲೇ ಎಲ್ಲಾ ಗಟ್ಟಿ ಮಾಡ್ಕೊಂಡು ಬಂದು ನಿನ್ನ ಮುಂದೆ ನಿಲ್ಬೇಕಾ?

ಅವನು ಹೇಳ್ಬೇಡ ಅಂದಿದ್ದಾನೆ, ಆದ್ರೂ ಹೇಳ್ತೀನಿ. ಮೊನ್ನೆ ನಿನ್ನ ಮಾಲು ಮಂಡಿಗೆ ಬಂದಾಗ ಅಲ್ಲೇ ಇದ್ನಂತೆ, ಖಾಲಿ ಕ್ರೇಟ್ ಜೋಡಿಸಿರ್ತಾರಲ್ಲ, ಅದರ ಹಿಂದೆ. ಬಂದವನೇ 'ಅತ್ತೆ, ಕಾಯಿ ಸಣ್ಣ ಅಂತ ಅಪ್ಪಂಗೆ ರೇಟ್ ಮುರಿದ್ರು, ಅಪ್ಪ ಏನೂ ಮಾತಾಡ್ಲೇ ಇಲ್ಲ' ಅಂದ. ತಟ್ಟೆ ಮುಂದೆ ಕೂತು ಮುದ್ದೆ ಮುರೀತಾನೇ ಇದ್ದ, ಬಾಯಿಗಿಡ್ಲಿಲ್ಲ. ಹೊಲ ಬೇಡ ಅನ್ನೋ ಹುಡುಗನಾ ಇದು?

ಭಾವ, ನೀವು ಯುವನಿಧಿಗೆ, ಅದೇ ಸರ್ಕಾರದ ನಿರುದ್ಯೋಗ ಭತ್ಯೆಗೆ, ಹಾಕ್ಸಿ ಅಂದ್ರಿ. ಡಿಪ್ಲೊಮಾದೋರಿಗೆ ತಿಂಗಳಿಗೆ 1500, ಬಸ್ಸಿಗೂ ಮೊಬೈಲಿಗೂ ಆಗುತ್ತೆ ಅಷ್ಟೆ. ಡಿಪ್ಲೊಮಾ ಆದೋರ ಪ್ರವೇಶ ಪರೀಕ್ಷೆ ಡಿಸಿಇಟಿ ಬರೆದು ಸೀಟ್ ಸಿಕ್ಕಿದ್ರೆ ಬಿಇ ಎರಡನೇ ವರ್ಷಕ್ಕೇ ನೇರವಾಗಿ ಸೇರ್ಬಹುದು. ಅದಾ, ಇಲ್ಲ ವೇಮಗಲ್ ಕಡೆ ಫ್ಯಾಕ್ಟರೀಲಿ ಇನ್ನೊಂದು ಕೆಲ್ಸನಾ, ಅವನಿಗಿನ್ನೂ ತೀರ್ಮಾನಕ್ಕೆ ಬರೋಕಾಗಿಲ್ಲ. ನಾನೂ ಒತ್ತಾಯ ಮಾಡಿಲ್ಲ. ಮಿಕ್ಕೋರೆಲ್ಲ ದಯವಿಟ್ಟು ಇದರ ಕೆಳಗೆ ಬುದ್ಧಿಮಾತು ಹಾಕ್ಬೇಡಿ, ಕೈ ಮುಗೀತೀನಿ.

ಅಣ್ಣಾ, ಅವನ ಮಾರ್ಕ್ಸ್ ಕಾರ್ಡ್ ನಿನ್ನ ಬೀರುವಲ್ಲಿದೆ, ಯಾವುದಕ್ಕಾದ್ರೂ ಬೇಕಾಗುತ್ತೆ. ಯಾರ ಕೈಲೂ ಕಳಿಸ್ಬೇಡ. ಶನಿವಾರ ಲೋಡ್ ತರ್ತೀಯಲ್ಲ, ಹರಾಜು ಮುಗಿಸ್ಕೊಂಡು ನೀನೇ ತಗೊಂಡು ಮನೆಗೆ ಬಾ. ತಿಂಡಿ ಇಲ್ಲೇ.