ಪೋರ್ಟ್‌ಲ್ಯಾಂಡ್ ಸಿಟಿ ಕೌನ್ಸಿಲ್: ಮೂರು ಸೀಟು ಅಂದ್ರೆ ನಂಗೆ ಮೂರು ಓಟಾ?

ಹೊಸ_ಸಿಟಿಜನ್:
ನಮಸ್ಕಾರ ಎಲ್ರಿಗೂ. ಓರೆಗಾನ್‌ನ ಪೋರ್ಟ್‌ಲ್ಯಾಂಡಲ್ಲಿದೀನಿ, ಡಿಸ್ಟ್ರಿಕ್ಟ್ 3, ಮೌಂಟ್ ಟೇಬರ್ ಹತ್ರ ಮನೆ. ಸಿಟಿಜನ್‌ಶಿಪ್ ಸಿಕ್ಕಿದ್ಮೇಲೆ ಮೊದಲನೇ ಸಲ ಕೌನ್ಸಿಲ್‌ಗೆ ಓಟು ಹಾಕೋದು, 2026 ನವೆಂಬರ್‌ಗೆ. ಡಿಸ್ಟ್ರಿಕ್ಟ್‌ಗೆ ಮೂರು ಜನ ಕೌನ್ಸಿಲರ್, ಆದ್ರೆ ಆರು ಜನಕ್ಕೆ ನಂಬರ್ ಕೊಡಬಹುದಂತೆ. ನಮ್ಮೂರ ಗ್ರಾಮ ಪಂಚಾಯ್ತೀಲಿ ವಾರ್ಡಿಗೆ ಮೂರು ಸೀಟಿದ್ರೆ ಮೂರು ಓಟು ಹಾಕ್ತಿದ್ವಲ್ಲ, ಇದೂ ಹಂಗೇನಾ? ಮತ್ತೆ ನಂಗೆ ನಿಜವಾಗ್ಲೂ ಇಷ್ಟ ಆಗಿರೋದು ಒಬ್ರೇ, 2 ಅಂತ ಬೇರೆಯವ್ರಿಗೆ ಕೊಟ್ರೆ ನನ್ನವ್ರಿಗೇ ಏಟು ಬೀಳುತ್ತಾ? ಆಫೀಸಲ್ಲಿ ಕೇಳೋಣ ಅಂದ್ರೆ ಎಲ್ರೂ ಪಕ್ಕದೂರು ಹಿಲ್ಸ್‌ಬೊರೊ ಬೀವರ್ಟನ್‌ನವ್ರು, ಅವ್ರಿಗೆ ಈ ಬ್ಯಾಲೆಟ್ಟೇ ಬರಲ್ಲ.

ಲೆಕ್ಕದ_ಮೇಷ್ಟ್ರು:
ಪಂಚಾಯ್ತಿ ಮರ್ತುಬಿಡಿ, ರಾಜ್ಯಸಭೆ ನೆನಪಿಸ್ಕೊಳ್ಳಿ. ನಮ್ ಶಾಸಕರು ಪ್ರಾಶಸ್ತ್ಯದ ಓಟು ಅಂತ 1, 2, 3 ಬರೀತಾರಲ್ಲ, ಅದೇ ಇದು. ಓಟು ಒಂದೇ, ಅದು ಕೈ ಬದಲಾಯಿಸ್ಕೊಂಡು ಓಡಾಡುತ್ತೆ ಅಷ್ಟೇ. ಮೂರು ಸೀಟಿಗೆ ಕೋಟಾ ಶೇ. 25ಕ್ಕಿಂತ ಒಂಚೂರು ಜಾಸ್ತಿ, ಅಂದ್ರೆ 1 ಲಕ್ಷ ಓಟು ಬಿದ್ರೆ 25,001 ತಗೊಂಡವ್ರು ಗೆದ್ದಂಗೆ. ಒಬ್ರಿಗೆ 30,000 ಬಂತು ಅನ್ನಿ, ಮಿಕ್ಕಿದ್ದು 4,999, ಅದನ್ನ ವೇಸ್ಟ್ ಮಾಡಲ್ಲ, ಆ 30,000 ಓಟಲ್ಲೂ ಹೆಚ್ಚುಕಮ್ಮಿ ಆರನೇ ಒಂದು ಪಾಲು ಮುಂದಿನ ನಂಬರಿಗೆ ಹೋಗುತ್ತೆ. ಯಾರೂ ಕೋಟಾ ಮುಟ್ಟದಿದ್ರೆ ಎಲ್ಲಕ್ಕಿಂತ ಕಮ್ಮಿ ಇರೋರನ್ನ ಆಚೆ ಹಾಕಿ ಅವ್ರ ಓಟು ಪೂರ್ತಿ ಮುಂದಕ್ಕೆ.

ನಿಮ್ ಎರಡನೇ ಪ್ರಶ್ನೆಗೆ: ಏಟು ಬೀಳಲ್ಲ. ನಿಮ್ಮ 1ನೇ ಕ್ಯಾಂಡಿಡೇಟ್ ಗೆಲ್ಲಬೇಕು ಇಲ್ಲಾ ಸೋಲಬೇಕು, ಅಲ್ಲೀವರೆಗೂ ನಿಮ್ 2ನ್ನ ಯಾರೂ ತಿರುಗೂ ನೋಡಲ್ಲ.

ಪೂರ್ವದ_ಕಡೆಯವ:
ಮೇಷ್ಟ್ರು ಹೇಳಿದ್ದು ಸರಿ ಆದ್ರೆ ಇದು ಯಾಕ್ ಬಂತು ಅನ್ನೋದೂ ತಿಳ್ಕೊಳ್ಳಿ. 1913ರಿಂದ ಇಲ್ಲಿ ಮೇಯರ್ ಜೊತೆ ನಾಲ್ಕು ಕಮಿಷನರ್, ಎಲ್ರೂ ಇಡೀ ಊರಿಂದ ಆಯ್ಕೆ ಆಗೋರು, ಮೇಲಿಂದ ಒಬ್ಬೊಬ್ರಿಗೆ ಒಂದೊಂದು ಇಲಾಖೆ, ನೀರು ಒಬ್ರಿಗೆ ಫೈರ್ ಇನ್ನೊಬ್ರಿಗೆ. ಊರಿಡೀ ಪ್ರಚಾರ ಮಾಡೋಕೆ ದುಡ್ಡು ಬೇಕಲ್ಲ, ನಾನಿರೋ 82ನೇ ಅವೆನ್ಯೂ ಆಚೆ ಕಡೆಯಿಂದ ಗೆದ್ದೋರು ಬೆರಳೆಣಿಕೆ. 2022ರಲ್ಲಿ ಜನ ಓಟು ಹಾಕಿ ಇದನ್ನ ಕಿತ್ತಾಕಿದ್ರು, ನಾಲ್ಕು ಡಿಸ್ಟ್ರಿಕ್ಟ್, ತಲಾ ಮೂರು, ಒಟ್ಟು 12. ಈಗ ನಮ್ಮ ಡಿಸ್ಟ್ರಿಕ್ಟ್ 1ಕ್ಕೆ ಅಂತಾನೇ ಮೂರು ಸೀಟಿದೆ. ಆದ್ರೆ 2024ರಲ್ಲಿ ಓಟು ಹಾಕೋಕೆ ಅತಿ ಕಮ್ಮಿ ಬಂದಿದ್ದೂ ನಮ್ಮವ್ರೇ, ಅದು ಬೇಜಾರು.

ಸಾಕಪ್ಪಾ_ಸಾಕು:
ಎಲ್ಲಾ ಚೆನ್ನಾಗೇ ಇದೆ, 2024ರಲ್ಲಿ ನಮ್ ಡಿಸ್ಟ್ರಿಕ್ಟ್ 3ರಲ್ಲೇ 30 ಜನ ನಿಂತಿದ್ರು ಸ್ವಾಮಿ, ಮೇಯರ್‌ಗೆ ಬೇರೆ ಹತ್ತೊಂಬತ್ತು ಹೆಸ್ರು. ಬ್ಯಾಲೆಟ್ ನೋಡಿದ್ರೆ ಮದುವೆ ಮನೆ ಮುಯ್ಯಿ ಪಟ್ಟಿ ಥರ ಇತ್ತು. ನಾನು ನಾಲ್ಕು ಜನದ ಬಗ್ಗೆ ಓದಿ ಸುಸ್ತಾಗಿ ಅಷ್ಟಕ್ಕೇ ನಿಲ್ಲಿಸ್ದೆ. ಆಮೇಲೆ ಗೆದ್ದ 12 ಜನ ಸೇರಿದ್ರಲ್ಲ, 2025 ಜನವರೀಲಿ ಕೌನ್ಸಿಲ್ ಪ್ರೆಸಿಡೆಂಟ್ ಆರ್ಸೋಕೆ ಕೂತ್ರೆ 6-6, ಮತ್ತೆ ಓಟು, ಮತ್ತೆ 6-6, ಕೊನೆಗೆ ಒಬ್ರು ಮನಸ್ಸು ಬದಲಾಯಿಸಿದ್ಮೇಲೆ ಎಲಾನಾ ಪರ್ಟಲ್-ಗೈನಿ ಆದ್ರು. ಸಮಸಂಖ್ಯೆ ಇಟ್ಟ ಪುಣ್ಯಾತ್ಮ ಯಾರೋ.

ಲೆಕ್ಕದ_ಮೇಷ್ಟ್ರು:
@ಸಾಕಪ್ಪಾ_ಸಾಕು ಅದು 12ರ ತಪ್ಪು, ನಂಬರ್ ಕೊಡೋ ಪದ್ಧತಿ ತಪ್ಪಲ್ಲ 😄 ಎರಡನ್ನೂ ಒಂದೇ ಗೋಣಿಚೀಲಕ್ಕೆ ತುಂಬಬೇಡಿ. 30 ಜನ ನಿಂತಿದ್ದು ಜಾಸ್ತಿ ಆಯ್ತು ಅನ್ನೋದನ್ನ ಮಾತ್ರ ಒಪ್ತೀನಿ.

ಹೊಸ_ಸಿಟಿಜನ್:
ಥ್ಯಾಂಕ್ಸ್ ಮೇಷ್ಟ್ರೇ, ಈಗ ತಲೆಗೆ ಹೋಯ್ತು. ಕೊನೇದೊಂದು, ನನ್ನವ್ರಿಗೇ ಆರೂ ನಂಬರ್ ಕೊಟ್ಬಿಟ್ರೆ ಬಲ ಜಾಸ್ತಿ ಆಗುತ್ತಾ? ಒಬ್ಬ ಫ್ರೆಂಡ್ ಹಂಗೇ ಮಾಡಿದ್ನಂತೆ.

ಪೂರ್ವದ_ಕಡೆಯವ:
ಇಲ್ಲ ಮಾರಾಯ್ರೆ, ಅದು ಒಂದೇ ಅಂತ ಎಣಿಸ್ತಾರೆ, ನಿಮ್ಮವ್ರು ಸೋತ್ರೆ ನಿಮ್ ಓಟಿಗೆ ಹೋಗೋಕೆ ಜಾಗಾನೇ ಇರಲ್ಲ. ಇಬ್ರಿಗೆ ಒಂದೇ ನಂಬರ್ ಕೊಡೋದೂ ಬೇಡ. ಆರೂ ತುಂಬ್ಲೇಬೇಕು ಅಂತೇನಿಲ್ಲ, ಒಪ್ಪೋಷ್ಟು ಜನಕ್ಕೆ ಕೊಟ್ಟು ಬಿಟ್ಬಿಡಿ. ಬ್ಯಾಲೆಟ್ ಪೋಸ್ಟಲ್ಲಿ ಬರುತ್ತಲ್ಲ, ವಾಪಸ್ ಕಳಿಸೋ ಕವರ್ ಮೇಲೆ ಸೈನ್ ಮರೀಬೇಡಿ, ಕಳೆದ ಸಲ ನಮ್ ಮನೇಲಿ ಒಬ್ರು ಮರೆತು ಆಮೇಲೆ ಲೆಟರ್ ಬಂದಿತ್ತು.