ಅಂಗಡಿಯ ‘ಉದ್ರಿ’ಗೆ ಎಲ್ಲರಿಗೂ ತಿಳಿಯುವ ಪದ ಯಾವುದು?

ಗೆಳೆಯರೇ,

ಪುಣೆಯಲ್ಲಿ ಕುಳಿತು ಮಾರುಕಟ್ಟೆ ಸಮೀಕ್ಷೆಗಳ ಪ್ರಶ್ನಾವಳಿಗಳನ್ನು ಕನ್ನಡಕ್ಕೆ ತರುವ ಕೆಲಸ ನನ್ನದು. ಈಗ ಕೈಯಲ್ಲಿರುವುದು ಹಳ್ಳಿಯ ಮನೆಗಳು ದಿನಬಳಕೆಯ ಸಾಮಾನನ್ನು ಹೇಗೆ ಕೊಳ್ಳುತ್ತವೆ ಎಂಬುದರ ಕುರಿತಾದದ್ದು. ಕಲಬುರಗಿ, ಮಂಡ್ಯ, ಉಡುಪಿ ಮೂರೂ ಕಡೆಗೆ ಒಂದೇ ಕರಡು ಹೋಗಬೇಕು. ಹಳೆಯ ಅನುವಾದದಲ್ಲಿ ಒಂದು ಪ್ರಶ್ನೆ ಹೀಗಿದೆ: “ನೀವು ದಿನಸಿಯನ್ನು ಸಾಲದ ಮೇಲೆ ಖರೀದಿಸುತ್ತೀರಾ?”

ಇದಕ್ಕೆ ಕಲಬುರಗಿ ಕಡೆಯ ರೈತ “ಇಲ್ಲ” ಎಂದರೆ ಅದು ಸುಳ್ಳಲ್ಲ. ಸಾಲಕ್ಕೆ ಬಡ್ಡಿಯಿದೆ, ಕಾಗದವಿದೆ, ತೀರಿಸಲಾಗದಿದ್ದರೆ ಮಾನದ ಪ್ರಶ್ನೆಯಿದೆ. ಅಂಗಡಿಯಲ್ಲಿ ಬರೆಸಿ ತಂದದ್ದು ಉದ್ರಿ. ನೆರೆಯವರಿಂದ ನಾಲ್ಕು ದಿನದ ಮಟ್ಟಿಗೆ ಪಡೆದದ್ದು ಕೈಗಡ. ಇಲ್ಲಿನ ಮರಾಠಿಯಲ್ಲೂ ಕರ್ಜ, ಉಧಾರ, ಉಸನೆ ಎಂದು ಮೂರನ್ನೂ ಬೇರೆಬೇರೆಯಾಗಿಯೇ ಹೇಳುತ್ತಾರೆ. ನಮ್ಮ ಉದ್ರಿ, ಅವರ ಉಧಾರ ಎರಡರ ಬೇರೂ ಸಂಸ್ಕೃತದ ‘ಉದ್ಧಾರ’.

ಒಂದು ಪದಕ್ಕಾಗಿ ಇಷ್ಟು ಹಟ ಹಿಡಿಯಲು ಕಾರಣವಿದೆ. ತೊಗರಿ ರಾಶಿಯಾಗಿ ಮಾರಾಟವಾಗುವವರೆಗೆ ಒಣಭೂಮಿಯ ಮನೆಯಲ್ಲಿ ನಗದು ಕಡಿಮೆ. ಅಲ್ಲಿಯವರೆಗೆ ಅಡುಗೆಮನೆ ನಡೆಯುವುದು ಉದ್ರಿಯ ಮೇಲೆ. ಉದ್ರಿ ಕೊಡುವ ಅಂಗಡಿಯವನು ಯಾವ ಸಾಬೂನು ಇಟ್ಟಿದ್ದಾನೋ ಆ ಮನೆಗೆ ಅದೇ ಸಾಬೂನು. ಟಿವಿಯಲ್ಲಿ ನೋಡಿ ಮೆಚ್ಚಿದ್ದನ್ನು ತರಬೇಕೆಂದರೆ ನಗದು ಹಿಡಿದು ಸಂತೆಗೋ ಪೇಟೆಗೋ ಹೋಗಬೇಕು. ಹೊಲವಿಲ್ಲದ ಕೂಲಿಯವರಿಗೆ ಅಷ್ಟು ಸುಲಭವಾಗಿ ಉದ್ರಿ ಸಿಗುವುದಿಲ್ಲ. ಅವರು ಅಂದಿನ ಕೂಲಿಯಲ್ಲಿ ಅಂದಿಗೆ ಬೇಕಾದಷ್ಟು ಎಣ್ಣೆ, ಚಹಾಪುಡಿಯ ಸಣ್ಣ ಪೊಟ್ಟಣ ಒಯ್ಯುತ್ತಾರೆ. ‘ಸಾಲ’ ಎಂದು ಕೇಳಿದರೆ ಇವರಿಬ್ಬರೂ “ಇಲ್ಲ” ಎಂಬ ಒಂದೇ ಸಾಲಿನಲ್ಲಿ ಸೇರಿಬಿಡುತ್ತಾರೆ. ಆಮೇಲೆ ವರದಿ ಬರೆಯುವವರು, ಹಳ್ಳಿಯವರಿಗೆ ಬ್ರಾಂಡಿನ ಮೇಲೆ ಬಹಳ ನಿಷ್ಠೆ ಎಂದು ಬರೆಯುತ್ತಾರೆ. ಅದನ್ನು ಓದಿದಾಗ ನನಗೆ ನಿಜಕ್ಕೂ ಸಂಕಟವಾಗುತ್ತದೆ. ಆ ಮನೆಯಾಕೆಗೆ ಆಯ್ಕೆಯೇ ಇರಲಿಲ್ಲ.

ಹಾಗಾದರೆ ‘ಉದ್ರಿ’ ಎಂದೇ ಇಡಬಹುದೇ? “ಇಂದು ನಗದು, ನಾಳೆ ಉದ್ರಿ” ಎಂಬ ಫಲಕ ಕಂಡು ಬೆಳೆದವರಿಗೆ ತೊಡಕಿಲ್ಲ. ಮಂಡ್ಯ ಕಡೆಯವರು “ಸಾಲ ಹೇಳಿ ತಂದೆ” ಎನ್ನುವುದನ್ನು ಕೇಳಿದ್ದೇನೆ. ಅಲ್ಲಿ ಸಾಲವೇ ಅಂಗಡಿಯ ಮಾತು. ಸಹೋದ್ಯೋಗಿಯೊಬ್ಬರು ‘ಪತ್ತು’ ಎಂದು ಸೂಚಿಸಿದರು. ಒಳ್ಳೆಯ ಪದ. 1905ರಷ್ಟು ಹಿಂದೆಯೇ ಗದಗ ಹತ್ತಿರದ ಕಣಗಿನಹಾಳದಲ್ಲಿ ಪತ್ತಿನ ಸಹಕಾರ ಸಂಘ ಹುಟ್ಟಿದೆ, ಪುಣೆಯ ಬೀದಿಗಳಲ್ಲಿ ಇಂದಿಗೂ ‘ಪತಸಂಸ್ಥೆ’ಗಳ ಫಲಕಗಳು ಕಾಣುತ್ತವೆ. ಆದರೆ ಕಿರಾಣಿ ಅಂಗಡಿಯಲ್ಲಿ ಪತ್ತಿನ ಮೇಲೆ ಬೆಲ್ಲ ಕೊಡಿ ಎಂದು ಯಾರೂ ಕೇಳುವುದಿಲ್ಲ.

ನನ್ನ ಒಲವು ನಾಮಪದವನ್ನೇ ಬಿಟ್ಟು ಕ್ರಿಯಾಪದ ಹಿಡಿಯುವ ಕಡೆಗಿದೆ: “ಅಂಗಡಿಯಲ್ಲಿ ಲೆಕ್ಕ ಬರೆಸಿ ಸಾಮಾನು ತಂದು, ಹಣವನ್ನು ಆಮೇಲೆ ಕೊಡುವುದುಂಟೇ?” ಉದ್ದವಾಯಿತು, ಆದರೆ ಅವಮಾನದ ಸೋಂಕಿಲ್ಲ.

ಕರಾವಳಿಯವರು, ಮಲೆನಾಡಿನವರು ದಯವಿಟ್ಟು ಹೇಳಿ: ‘ಲೆಕ್ಕ ಬರೆಸುವುದು’ ನಿಮ್ಮಲ್ಲಿ ಇದೇ ಅರ್ಥ ಕೊಡುತ್ತದೆಯೇ? ‘ಕಡ’ ಎಂಬುದು ಅಂಗಡಿಗೂ ಸಲ್ಲುತ್ತದೆಯೋ, ನೆರೆಮನೆಗೆ ಮಾತ್ರವೋ? ನಿಘಂಟುಗಳ ಅರ್ಥ ನನ್ನ ಬಳಿ ಇದೆ. ಅಂಗಡಿಯಲ್ಲಿ ಕಿವಿಗೆ ಬಿದ್ದ ಮಾತು ಬೇಕಾಗಿದೆ.